ಮುಷ್ಟಿಯ ಶಿಕ್ಷಣವೋ, ಮಸ್ತಕದ ಬಲಿಯೋ?

ಸೈನಿಕನನ್ನು ರಣಕ್ಕೆ ಸಿದ್ಧಗೊಳಿಸುವದಕ್ಕೆ ಮುಷ್ಟಿಯುದ್ಧದಂಥ ಸಾಧನವು ಮತ್ತೊಂದಿಲ್ಲವೆಂಬ ಮಾತು ಒಂದು ಶತಮಾನಕ್ಕೂ ಮಿಕ್ಕಿ ಸೇನಾಪತಿಗಳ ಬಾಯಲ್ಲಿ ಮಂತ್ರದಂತೆ ನಡೆದುಬಂದಿರುವದು. ಮಂತ್ರವನ್ನು ಜಪಿಸುವವರು ಅದರ ಅರ್ಥವನ್ನು ವಿಚಾರಿಸುವದಿಲ್ಲ. ವಿಚಾರಿಸಿದವರನ್ನು ಹೇಡಿಗಳೆಂದು ಹಳಿಯುವದು ಅವರಿಗೆ ಸುಲಭ. ಆ ಹಳಿವಿಗೆ ನಾವು ಮೊದಲೇ ಸಿದ್ಧರಾಗಿ ಈ ಮಂತ್ರದ ಅರ್ಥವನ್ನು ವಾಚಕರ ಮುಂದೆ ಬಿಡಿಸಿ ಇಡಲು ಹೊರಟಿರುವೆವು. ಏಕೆಂದರೆ ಈ ಮಾತು ಸೈನ್ಯದ ಬಿಡಾರದಲ್ಲಿಯೇ ನಿಲ್ಲುವದಿಲ್ಲ. ಬಿಡಾರದಿಂದ ವಿದ್ಯಾಲಯಕ್ಕೆ, ವಿದ್ಯಾಲಯದಿಂದ ಶಾಲೆಗೆ ಅದು ಇಳಿದು ಬರುವದು. ಕೊನೆಗೆ ಏಟನ್ನು ತಿನ್ನುವದು ಹದಿನೇಳು ಹದಿನೆಂಟು ವರ್ಷದ ಹುಡುಗನ ತಲೆ.

ನಾವು ಬಲದ ವೈರಿಗಳಲ್ಲ. ಮೈಯಲ್ಲಿ ಕಸುವಿಲ್ಲದ ಜನಾಂಗದ ಮಾತಿಗೆ ಬೆಲೆಯಿಲ್ಲವೆಂಬುದನ್ನು ನಾವು ಬಲ್ಲೆವು. ಊರೂರಿಗೆ ಗರಡಿಮನೆಯನ್ನು ಕಟ್ಟಿ, ಅದರ ಕೆಮ್ಮಣ್ಣನ್ನು ಮೈಗೆ ಬಳಿದುಕೊಂಡು ಬೆಳೆದ ನಾಡು ನಮ್ಮದು. ನಮ್ಮ ವಾದವು ಬೇರೆ. ಮುಷ್ಟಿಮಲ್ಲನು ಮಾಡುವ ತಾಲೀಮು ಒಂದು. ಮುಷ್ಟಿಮಲ್ಲನು ತಲೆಯ ಮೇಲೆ ತಿನ್ನುವ ಗುದ್ದು ಇನ್ನೊಂದು. ಮೊದಲನೆಯದು ಬಂಗಾರ, ಎರಡನೆಯದು ವಿಷ. ಜಗತ್ತಿನ ಸೈನ್ಯಗಳು ಇವೆರಡನ್ನೂ ಒಂದೇ ಬಟ್ಟಲಲ್ಲಿ ಕಲಸಿ, ತರುಣರಿಗೆ ಒತ್ತಾಯದಿಂದ ಕುಡಿಸಿ, ಅದಕ್ಕೆ ‘ಯುದ್ಧಶಿಕ್ಷಣ’ವೆಂದು ಹೆಸರಿಟ್ಟಿವೆ. ಇವೆರಡನ್ನೂ ಬೇರ್ಪಡಿಸಬೇಕೆಂಬುದೇ ನಮ್ಮ ಬೇಡಿಕೆ.

ನ್ಯಾಯಕ್ಕೆ ಒಪ್ಪುವಂತೆ ಮೊದಲು ಪೂರ್ವಪಕ್ಷವನ್ನೇ ಕೇಳೋಣ. ೧೯೧೪ರಲ್ಲಿ ಮೊದಲನೆಯ ಮಹಾಯುದ್ಧವು ಆರಂಭವಾದಾಗ ಇಂಗ್ಲಂಡದ ಮುಂದೆ ಒಂದು ಸಂಕಟವಿದ್ದಿತು. ಗಣಿ, ಗಿರಣಿ, ಕಚೇರಿಗಳಿಂದ ಬಂದ ಲಕ್ಷಾವಧಿ ಜನರನ್ನು ಕೆಲವೇ ತಿಂಗಳಲ್ಲಿ ಯೋಧರನ್ನಾಗಿ ಮಾಡಬೇಕಾಗಿದ್ದಿತು. ಆಗ ಆಲ್ಡರ್‌ಶಾಟಿನ ಸೈನಿಕ ವ್ಯಾಯಾಮಶಾಲೆಗೆ ಹೆಸರಾಂತ ಮುಷ್ಟಿಮಲ್ಲರನ್ನು ಶಿಕ್ಷಕರನ್ನಾಗಿ ಕರೆತಂದರು. ಬ್ರಿಟನ್ನಿನ ಭಾರೀ ತೂಕದ ವಿಜೇತನಾದ ಬಿಲಿ ವೆಲ್ಸ್, ವೇಲ್ಸಿನ ಜಿಮ್ ಡ್ರಿಸ್ಕಲ್, ಗುಬ್ಬಚ್ಚಿಯಂಥ ಮೈಯಲ್ಲಿ ಸಿಡಿಲಿನ ಕೈಯಿದ್ದ ಜಿಮಿ ವೈಲ್ಡ್ ಇವರೆಲ್ಲ ಅಲ್ಲಿ ಸೈನಿಕರಿಗೆ ಪಾಠ ಹೇಳಿದರು. ೧೯೧೭ರಲ್ಲಿ ಅಮೇರಿಕವು ಯುದ್ಧಕ್ಕಿಳಿದೊಡನೆ ಅದೇ ದಾರಿಯನ್ನು ಹಿಡಿಯಿತು. ರೇಮಂಡ್ ಫಾಸ್ಡಿಕ್ಕನ ಅಧ್ಯಕ್ಷತೆಯಲ್ಲಿ ಶಿಬಿರಗಳ ಚಟುವಟಿಕೆಗಾಗಿ ಒಂದು ಆಯೋಗವೇ ಹುಟ್ಟಿತು. ನ್ಯೂಯಾರ್ಕಿನ ಕ್ಯಾಂಪ್ ಅಪ್ಟನ್ನಿನಲ್ಲಿ ಹಗುರ ತೂಕದ ಜಗಜ್ಜಟ್ಟಿಯಾದ ಬೆನಿ ಲೆನರ್ಡನೂ, ಜಾರ್ಜಿಯದ ಕ್ಯಾಂಪ್ ಗಾರ್ಡನ್ನಿನಲ್ಲಿ ಮೈಕ್ ಗಿಬನ್ಸನೂ ಸಾಲುಗಟ್ಟಿ ನಿಂತ ಸಾವಿರಾರು ಜನರಿಗೆ ಎಣಿಕೆಯ ಮೇಲೆ ಗುದ್ದುವದನ್ನು ಕಲಿಸಿದರು.

ಅವರು ಹೇಳಿದ ಕಾರಣಗಳು ಮೂರು. ಒಂದನೆಯದು: ಮುಷ್ಟಿಯುದ್ಧದ ಚಲನೆಗಳೇ ಸಂಗೀನಿನ ಚಲನೆಗಳು. ಎಡಗೈಯ ನೇರವಾದ ಗುದ್ದು ಬಂದೂಕಿನ ತುದಿಯ ಸಂಗೀನನ್ನು ಚುಚ್ಚುವ ಬಗೆಯನ್ನೂ, ಬಲಗೈಯ ಗುದ್ದು ಬಂದೂಕಿನ ಹಿಡಿಯಿಂದ ಬಡಿಯುವ ಬಗೆಯನ್ನೂ ಕಲಿಸುವವೆಂದು ಅವರ ಮತ. ಎರಡನೆಯದು: ಅದರಿಂದ ದೇಹವು ಗಟ್ಟಿಯಾಗುವದು. ಮೂರನೆಯದು: ಅದರಿಂದ ಭೀತಿಯು ತೊಲಗಿ ಧೈರ್ಯವು ಹುಟ್ಟುವದು. ಈ ಮೂರು ಕಾರಣಗಳನ್ನು ಒಂದೊಂದಾಗಿ ಸಾಕ್ಷಿಕಟ್ಟೆಗೆ ಹತ್ತಿಸಿ ವಿಚಾರಿಸೋಣ.

ಮೊದಲು ಸಂಗೀನಿನ ಸಾಕ್ಷ್ಯ. ಆ ಯುದ್ಧದ ಬ್ರಿಟಿಶ್ ವೈದ್ಯಕೀಯ ದಾಖಲೆಗಳಲ್ಲಿ ೨,೧೨,೬೫೯ ಗಾಯಗಳ ಕಾರಣವನ್ನು ವಿಂಗಡಿಸಿದ ಲೆಕ್ಕವೊಂದಿದೆ. ನೂರಕ್ಕೆ ೫೮.೫೧ ಗಾಯಗಳು ತೋಪಿನ ಗುಂಡುಗಳಿಂದಲೂ ಮೋರ್ಟರುಗಳಿಂದಲೂ ಆದವು. ೩೮.೯೮ ಬಂದೂಕು, ಯಂತ್ರಬಂದೂಕುಗಳ ಗುಂಡಿನಿಂದ ಆದವು. ೨.೧೯ ಕೈಬಾಂಬುಗಳಿಂದ. ಸಂಗೀನಿನಿಂದ ಆದವೆಷ್ಟು? ನೂರಕ್ಕೆ ೦.೩೨! ಅಂದರೆ ಮುನ್ನೂರು ಗಾಯಾಳುಗಳಲ್ಲಿ ಒಬ್ಬನು. ಸಂಗೀನಿನಿಂದ ಇರಿಸಿಕೊಂಡವನು ಆಸ್ಪತ್ರೆಗೆ ಬರುವ ಮೊದಲೇ ಸಾಯುವನಾದ್ದರಿಂದ ಲೆಕ್ಕದಲ್ಲಿ ಸಿಕ್ಕಿಲ್ಲವೆಂದು ಪ್ರತಿವಾದಿಗಳು ಹೇಳಬಹುದು. ಹೇಳಲಿ, ಆ ಸಂಖ್ಯೆಯನ್ನು ಹತ್ತರಷ್ಟು ಮಾಡಿಕೊಳ್ಳಲಿ. ಆದರೂ ಅದು ನೂರಕ್ಕೆ ನಾಲ್ಕನ್ನು ಮುಟ್ಟುವದಿಲ್ಲ. ಬಹು ದೂರದಿಂದ ತೋಪು ಕೊಲ್ಲುತ್ತಿರುವಾಗ, ಎಡಗೈಯ ಗುದ್ದನ್ನು ಕಲಿತವನು ಯಾರನ್ನು ಗುದ್ದಬೇಕಾಗಿದ್ದಿತು? ಕಂದಕದಲ್ಲಿ ಕುಳಿತು ಕೆಸರು, ಹೇನು, ಹೆಗ್ಗಣಗಳ ನಡುವೆ ರಾತ್ರಿಗಳನ್ನು ಕಳೆದ ಆ ಸೈನಿಕನಿಗೆ ಬೇಕಾದದ್ದು ಭಾರವನ್ನು ಹೊರುವ ಬೆನ್ನು, ನಿದ್ರೆಯಿಲ್ಲದೆ ನಡೆಯುವ ಕಾಲು, ಗುದ್ದಲಿ ಹಿಡಿದು ನೆಲವನ್ನು ಅಗೆಯುವ ತೋಳು. ಮೊದಲನೆಯ ಸಾಕ್ಷಿಯು ಸುಳ್ಳಾದನೆಂದು ನಾವು ನಿರ್ಣಯಿಸುವೆವು.

ಎರಡನೆಯ ಸಾಕ್ಷಿಯು ಪ್ರಾಮಾಣಿಕನು. ಅವನಿಗೆ ಸಲ್ಲತಕ್ಕ ಗೌರವವನ್ನು ಸಲ್ಲಿಸಲು ನಾವು ಹಿಂಜರಿಯುವದಿಲ್ಲ. ಮುಷ್ಟಿಮಲ್ಲನ ದಿನಚರಿಯನ್ನು ನೋಡಿರಿ. ಬೆಳಗಿನ ಜಾವಕ್ಕೆ ಎದ್ದು ದಾರಿಯುದ್ದಕ್ಕೂ ಓಟ. ನಡುನಡುವೆ ವೇಗವನ್ನು ಏರಿಸುವದು, ಇಳಿಸುವದು. ಆಮೇಲೆ ಹಗ್ಗದ ಜಿಗಿತ. ಇದರಿಂದ ಮೀನಖಂಡವು ಗಟ್ಟಿಯಾಗಿ ಪಾದವು ಚುರುಕಾಗುವದು. ಆಮೇಲೆ ಎದುರಾಳಿಯಿಲ್ಲದೆ ಗಾಳಿಯೊಡನೆ ಹೋರಾಟ; ಇದರಲ್ಲಿ ತೂಕವನ್ನು ಒಂದು ಕಾಲಿನಿಂದ ಇನ್ನೊಂದಕ್ಕೆ ಸಾಗಿಸುವ ಹದವು ಕೈಗೂಡುವದು. ಆಮೇಲೆ ತೂಗುಹಾಕಿದ ಭಾರೀ ಚೀಲದ ಮೇಲೆ ಗುದ್ದು. ಇಲ್ಲಿ ಗುದ್ದು ಕೈಯಿಂದ ಹುಟ್ಟುವದಿಲ್ಲ, ಹಿಮ್ಮಡಿಯಿಂದ ಹುಟ್ಟಿ ಸೊಂಟದಲ್ಲಿ ತಿರುಗಿ ಭುಜದಿಂದ ಹೊರಬೀಳುವದೆಂಬ ಸತ್ಯವು ತಿಳಿಯುವದು. ಕೊನೆಗೆ ಹೊಟ್ಟೆಯ ಸ್ನಾಯುಗಳಿಗೆ ನೆಲದ ಮೇಲಿನ ಸಾಮು.

ಇದೆಲ್ಲವೂ ಗಡಿಯಾರದ ಅಂಕೆಯಲ್ಲಿ ನಡೆಯುವದೇ ಇದರ ವಿಶೇಷವು. ಮೂರು ನಿಮಿಷದ ಪೂರ್ಣ ಶ್ರಮ, ಒಂದು ನಿಮಿಷದ ವಿಶ್ರಾಂತಿ. ಮತ್ತೆ ಮೂರು, ಮತ್ತೆ ಒಂದು. ಉಸಿರು ಹತ್ತಿ ಎದೆಯು ಬಡಿದುಕೊಳ್ಳುತ್ತಿರುವಾಗ ಒಂದೇ ನಿಮಿಷದಲ್ಲಿ ಅದನ್ನು ಹತೋಟಿಗೆ ತಂದುಕೊಂಡು ಮತ್ತೆ ಎದ್ದು ನಿಲ್ಲುವ ಅಭ್ಯಾಸವಿದು. ಓಡಿ, ನೆಲಕ್ಕೆ ಬಿದ್ದು, ಗುರಿಯಿಟ್ಟು, ಮತ್ತೆ ಎದ್ದು ಓಡುವ ಪದಾತಿಯ ಕೆಲಸಕ್ಕೂ ಈ ಕ್ರಮಕ್ಕೂ ನಿಕಟವಾದ ಹೋಲಿಕೆಯಿದೆ. ಇಂದು ಎಲ್ಲ ಆಟಗಳ ಶಿಕ್ಷಕರೂ ಹಾಡಿ ಹೊಗಳುವ ಶ್ರಮ–ವಿಶ್ರಾಂತಿಗಳ ಸರದಿಯ ತಾಲೀಮನ್ನು ಮುಷ್ಟಿಮಲ್ಲರು ಶಾಸ್ತ್ರವು ಅದಕ್ಕೆ ಹೆಸರಿಡುವ ಮೊದಲೇ ಆಚರಿಸುತ್ತಿದ್ದರು. ಇದಕ್ಕೆ ಬೇಕಾಗುವ ಸಾಮಗ್ರಿಯಾದರೂ ಎಷ್ಟು? ಒಂದು ಹಗ್ಗ, ಮರಳು ಮರದಪುಡಿ ತುಂಬಿದ ಒಂದು ಚೀಲ, ಒಂದು ಬಯಲು. ಬಡ ಶಾಲೆಗೂ ಎಟುಕುವ ಸಂಪತ್ತಿದು.

ಆದರೆ ವಾಚಕರು ಒಂದು ಮಾತನ್ನು ಗಮನಿಸಬೇಕು. ನಾವು ಈಗ ಎಣಿಸಿದ ಗುಣಗಳಲ್ಲಿ ಒಂದಾದರೂ ಇನ್ನೊಬ್ಬನ ತಲೆಗೆ ಗುದ್ದುವದರಿಂದ ಬಂದದ್ದುಂಟೆ? ಓಟದಲ್ಲಿ ತಲೆಗೆ ಪೆಟ್ಟಿಲ್ಲ, ಹಗ್ಗದಲ್ಲಿಲ್ಲ, ಚೀಲದಲ್ಲಿಲ್ಲ. ಹಾಲನ್ನು ಕರೆದುಕೊಂಡ ಮೇಲೂ ಒದೆಯನ್ನು ತಿಂದೇ ತೀರಬೇಕೆಂಬುದು ಯಾವ ನ್ಯಾಯ?

ದೇಹಬಲದ ಮಾತು ಬಂದದ್ದರಿಂದ ಇನ್ನೊಂದು ಸಾಕ್ಷ್ಯವನ್ನೂ ಇಲ್ಲಿಯೇ ಮುಂದಿಡುವೆವು. ೧೯೧೭ರ ನವೆಂಬರದಿಂದ ೧೯೧೮ರ ಅಕ್ಟೋಬರದ ವರೆಗೆ ಇಂಗ್ಲಂಡದ ವೈದ್ಯಮಂಡಲಿಗಳು ಸೈನ್ಯಕ್ಕೆ ಕರೆಬಂದ ಇಪ್ಪತ್ತನಾಲ್ಕು ಲಕ್ಷಕ್ಕೂ ಮಿಕ್ಕಿ ಗಂಡಸರನ್ನು ಪರೀಕ್ಷಿಸಿದವು. ಅವರಲ್ಲಿ ಮೊದಲನೆಯ ದರ್ಜೆಗೆ ನಿಂತವರು ನೂರಕ್ಕೆ ೩೬ ಮಾತ್ರ! ಹತ್ತರಲ್ಲಿ ಒಬ್ಬನಂತೂ ಯಾವ ಸೇವೆಗೂ ಬಾರದವನೆಂದು ನಿರ್ಣಯವಾಯಿತು. ಮುಷ್ಟಿಯುದ್ಧಕ್ಕೆ ನಿಯಮಗಳನ್ನು ಬರೆದುಕೊಟ್ಟ ದೇಶದ ಸ್ಥಿತಿಯಿದು. ಅಲ್ಲಿ ಕೊರತೆಯಾದದ್ದು ಗುದ್ದಾಟವೆ? ಅಲ್ಲ. ಕೊರತೆಯಾದದ್ದು ಅನ್ನ, ಗಾಳಿ, ಬೆಳಕು, ವಿಶ್ರಾಂತಿ. ಬೋಅರ್ ಯುದ್ಧದ ಕಾಲಕ್ಕೆ ಇಂಥದೇ ದುರ್ಬಲ ಭರ್ತಿಯನ್ನು ಕಂಡು ಬೆದರಿ ಆ ಸರಕಾರವು ಒಂದು ಸಮಿತಿಯನ್ನು ನೇಮಿಸಿತು. ೧೯೦೪ರಲ್ಲಿ ಅದರ ವರದಿಯು ಹೊರಬಿದ್ದ ಮೇಲೆ, ೧೯೦೬ರಲ್ಲಿ ಬಡ ಮಕ್ಕಳಿಗೆ ಶಾಲೆಯಲ್ಲಿ ಊಟವನ್ನು ಕೊಡುವ ಕಾಯದೆಯೂ, ೧೯೦೭ರಲ್ಲಿ ಶಾಲಾಮಕ್ಕಳ ವೈದ್ಯಪರೀಕ್ಷೆಯ ಕಾಯದೆಯೂ ಬಂದವು. ಸೈನಿಕನ ಮೈಯು ಶಿಬಿರದಲ್ಲಿ ಹುಟ್ಟುವದಿಲ್ಲ, ಶಾಲೆಯ ಊಟದ ತಟ್ಟೆಯಲ್ಲಿ ಹುಟ್ಟುವದೆಂಬ ಅರಿವು ಅವರಿಗೆ ಬಂದದ್ದು ಹೀಗೆ. ನಮ್ಮ ದೇಶದಲ್ಲಿಯೂ ಶಾಲೆಯ ಬಿಸಿಯೂಟಕ್ಕೆ ಸರ್ವೋಚ್ಚ ನ್ಯಾಯಾಲಯದ ೨೦೦೧ರ ನವೆಂಬರ ೨೮ರ ಆಜ್ಞೆಯು ಬೇಕಾಯಿತು. ೨೦೦೨ರಲ್ಲಿ ಕರ್ನಾಟಕದ ಈಶಾನ್ಯ ಜಿಲ್ಲೆಗಳಲ್ಲಿ ಮೊದಲಾದ ಅಕ್ಷರ ದಾಸೋಹವು ಯಾವ ಮುಷ್ಟಿಶಾಲೆಗಿಂತಲೂ ದೊಡ್ಡ ಬಲವರ್ಧನೆಯ ಕೆಲಸವೆಂದು ನಾವು ಹೇಳಿದರೆ, ಬಡಿಸುವ ಹೊತ್ತಿನಲ್ಲಿ ಮಕ್ಕಳ ಮುಖವನ್ನು ನೋಡಿದ ಯಾವ ಶಿಕ್ಷಕನೂ ಅಲ್ಲಗಳೆಯನು.

ಇನ್ನು ಎರಡನೆಯ ಮಹಾಯುದ್ಧ. ಸಂಗೀನಿನ ನೆಪವು ಸತ್ತಿತು. ಮುಷ್ಟಿಯುದ್ಧವು ಮಾತ್ರ ಸಾಯಲಿಲ್ಲ. ೧೯೨೬ರಲ್ಲಿಯೂ ೧೯೨೭ರಲ್ಲಿಯೂ ಜಾಕ್ ಡೆಂಪ್ಸಿಯನ್ನು ಸೋಲಿಸಿದ ಜೀನ್ ಟನಿಯು ಅಮೇರಿಕದ ನೌಕಾದಳದ ಶರೀರಶಿಕ್ಷಣಕ್ಕೆ ಮುಖ್ಯಸ್ಥನಾದನು. ಸೋತ ಡೆಂಪ್ಸಿಯು ಕರಾವಳಿ ಕಾವಲುಪಡೆಯಲ್ಲಿ ಅದೇ ಕೆಲಸಕ್ಕೆ ನಿಂತನು. ೧೯೪೨ರಲ್ಲಿ ನೌಕಾದಳವು ತನ್ನ ವಿಮಾನಚಾಲಕರ ಪೂರ್ವಶಿಕ್ಷಣಕ್ಕಾಗಿ ಉತ್ತರ ಕ್ಯಾರೊಲಿನ, ಅಯೊವ, ಜಾರ್ಜಿಯ, ಕ್ಯಾಲಿಫೋರ್ನಿಯಗಳ ವಿದ್ಯಾಪೀಠಗಳಲ್ಲಿ ನಾಲ್ಕು ಶಾಲೆಗಳನ್ನು ತೆರೆಯಿತು. ಟಾಮ್ ಹ್ಯಾಮಿಲ್ಟನ್ನನೆಂಬ ಅಧಿಕಾರಿಯ ಯೋಜನೆಯಂತೆ ಅಲ್ಲಿ ಈಜು, ಕುಸ್ತಿ, ಕಾಲ್ಚೆಂಡು, ಮರ ಕಡಿಯುವ ದುಡಿಮೆ ಇವುಗಳ ಜೊತೆಗೆ ಮುಷ್ಟಿಯುದ್ಧವನ್ನೂ ಕಲಿಸಿದರು. ೧೯೪೩ರಲ್ಲಿ ಈ ಶಿಕ್ಷಣಕ್ಕಾಗಿ ಪ್ರತ್ಯೇಕ ಕೈಪಿಡಿಯೂ ಅಚ್ಚಾಯಿತು. ವಿಮಾನಚಾಲಕನು ಆಕಾಶದಲ್ಲಿ ಯಾರೊಡನೆ ಗುದ್ದಾಡುವನು? ಈ ಪ್ರಶ್ನೆಗೆ ಅವರ ಉತ್ತರವು ಸಿದ್ಧವಾಗಿಯೇ ಇದೆ. ಪೆಟ್ಟು ತಿಂದಾಗಲೂ ತಲೆ ಕೆಡಿಸಿಕೊಳ್ಳದೆ ಯೋಚಿಸುವದನ್ನು ಅವನು ಕಲಿಯುವನಂತೆ!

ತಲೆ ಕೆಡಿಸಿಕೊಳ್ಳದೆ! ಈ ಮಾತಿನಲ್ಲಿರುವ ಕ್ರೂರ ವಿನೋದವನ್ನು ಅವರು ಗಮನಿಸಿದಂತೆ ಕಾಣುವದಿಲ್ಲ. ತಲೆಗೆ ಪೆಟ್ಟು ಬಿದ್ದರೆ ತಲೆಯು ಕೆಡುವದೆಂಬುದನ್ನು ಹ್ಯಾರಿಸನ್ ಮಾರ್ಟ್‌ಲ್ಯಾಂಡ್ ಎಂಬ ವೈದ್ಯನು ೧೯೨೮ರಲ್ಲಿಯೇ ಅಮೇರಿಕದ ವೈದ್ಯಸಂಘದ ಪತ್ರಿಕೆಯಲ್ಲಿ ಬರೆದು ತೋರಿಸಿದ್ದನು. ಹಲವು ವರ್ಷ ಗುದ್ದು ತಿಂದ ಮಲ್ಲರು ಕುಡಿದವರಂತೆ ತೂರಾಡುವರು, ಅವರ ಮಾತು ತೊದಲುವದು, ಕೈ ನಡುಗುವದು, ಬುದ್ಧಿ ಮಂದವಾಗುವದು. ಇದು ಮದ್ಯದ ಅಮಲಲ್ಲ, ಗುದ್ದಿನ ಅಮಲು. ೧೯೬೯ರಲ್ಲಿ ಇಂಗ್ಲಂಡದಲ್ಲಿ ರಾಬರ್ಟ್ಸ್ ಎಂಬ ವೈದ್ಯನು ೨೨೪ ಜನ ಹಳೆಯ ವೃತ್ತಿಮಲ್ಲರನ್ನು ಪರೀಕ್ಷಿಸಿ, ನೂರಕ್ಕೆ ೧೭ ಜನರಲ್ಲಿ ಮಿದುಳು ನರಗಳ ಹಾನಿಯನ್ನು ಕಂಡನು. ೧೯೭೩ರಲ್ಲಿ ಕಾರ್ಸೆಲಿಸ್ ಎಂಬವನೂ ಅವನ ಸಂಗಡಿಗರೂ ತೀರಿಕೊಂಡ ೧೫ ಮಲ್ಲರ ಮಿದುಳುಗಳನ್ನು ಸೀಳಿ ನೋಡಿ, ಆ ಹಾನಿಯ ಕುರುಹುಗಳನ್ನು ಲೋಕದ ಕಣ್ಣಿಗೆ ಕಟ್ಟುವಂತೆ ವರ್ಣಿಸಿದರು. ೧೯೮೩ರಲ್ಲಿ ಜಾಗತಿಕ ವೈದ್ಯಸಂಘವೇ ಈ ಆಟವನ್ನು ನಿಷೇಧಿಸಬೇಕೆಂದು ಹೇಳಿತು.

ಇವು ವೃತ್ತಿಮಲ್ಲರ ಕಥೆ. ವಿದ್ಯಾರ್ಥಿಗಳಿಗೆ ದಪ್ಪ ಗವಸು, ತಲೆಗೆ ಕಾಪು, ಅಲ್ಪಾವಧಿಯ ಆಟ, ಅವರಿಗೇನು ಭಯ? ಹೀಗೆಂದು ಪ್ರತಿವಾದಿಗಳು ಕೇಳುವರು. ಹಾಗಾದರೆ ಅಮೇರಿಕದ ವೆಸ್ಟ್ ಪಾಯಿಂಟ್ ಸೇನಾವಿದ್ಯಾಲಯದ ಲೆಕ್ಕವನ್ನೇ ತೆಗೆದುಕೊಳ್ಳಿರಿ. ಅಲ್ಲಿ ೧೯೦೫ರಿಂದ ಹೊಸ ಗಂಡು ವಿದ್ಯಾರ್ಥಿಗಳಿಗೆ ಮುಷ್ಟಿಯುದ್ಧವನ್ನು ಕಡ್ಡಾಯ ಮಾಡಿದ್ದರು. ೨೦೧೫ರಲ್ಲಿ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆಯು ಹೊರಗೆಡವಿದಂತೆ, ಮೂರೇ ಶೈಕ್ಷಣಿಕ ವರ್ಷಗಳಲ್ಲಿ ಮುಷ್ಟಿಯುದ್ಧದಿಂದ ೯೭ ಜನರ ಮಿದುಳಿಗೆ ಆಘಾತವಾಗಿದ್ದಿತು. ವಾಯುದಳದ ವಿದ್ಯಾಲಯದಲ್ಲಿ ೭೨, ನೌಕಾದಳದ ವಿದ್ಯಾಲಯದಲ್ಲಿ ೨೯. ವೆಸ್ಟ್ ಪಾಯಿಂಟಿನಲ್ಲಿ ಆದ ಇಂಥ ಎಲ್ಲ ಆಘಾತಗಳಲ್ಲಿ ಸುಮಾರು ಐದರಲ್ಲೊಂದು ಈ ಪಾಠದಿಂದಲೇ ಬಂದದ್ದು. ನೆನಪಿಡಿರಿ, ಇವರು ಹಣಕ್ಕಾಗಿ ಗುದ್ದಾಡಿದವರಲ್ಲ, ಅಂಕಗಳಿಗಾಗಿ ಗುದ್ದಾಡಿದವರು. ಇರಾಕ್, ಆಫ್ಗಾನಿಸ್ತಾನಗಳ ಬಾಂಬುಗಳಿಂದ ತನ್ನ ಸೈನಿಕರ ಮಿದುಳು ಅದುರಿದ್ದಕ್ಕೆ ಕೋಟ್ಯವಧಿ ಹಣವನ್ನು ಚಿಕಿತ್ಸೆ ಸಂಶೋಧನೆಗಳಿಗೆ ಸುರಿಯುತ್ತಿದ್ದ ಸೈನ್ಯವೇ, ರಣರಂಗವನ್ನು ಇನ್ನೂ ಕಾಣದ ತನ್ನ ಮಕ್ಕಳ ಮಿದುಳನ್ನು ತರಗತಿಯಲ್ಲಿ ಅದುರಿಸುತ್ತಿದ್ದಿತು. ಈ ಲೆಕ್ಕವು ಹೊರಬಿದ್ದ ಮೇಲೆ ಅವರು ಮಾಡಿದ್ದೇನು? ೨೦೧೬ರಲ್ಲಿ ಹೆಣ್ಣುಮಕ್ಕಳಿಗೂ ಅದನ್ನು ಕಡ್ಡಾಯ ಮಾಡಿದರು! ಸಮಾನತೆಯ ಹೆಸರಿನಲ್ಲಿ ಹಂಚಲು ಅವರಿಗೆ ಸಿಕ್ಕಿದ್ದು ಇದೊಂದೇ ಸೊತ್ತು.

ಆ ವಿದ್ಯಾಲಯದಲ್ಲಿ ಮುಷ್ಟಿಯುದ್ಧವು ಬೇರೂರುವಂತೆ ಒತ್ತಾಯಪಡಿಸಿದವರಲ್ಲಿ ಅಗ್ರಗಣ್ಯನು ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟನು. ಅವನು ಅಧ್ಯಕ್ಷನಾಗಿದ್ದಾಗಲೇ ಶ್ವೇತಭವನದಲ್ಲಿ ತರುಣ ಅಧಿಕಾರಿಯೊಬ್ಬನೊಡನೆ ಗವಸು ತೊಟ್ಟು ಆಡುತ್ತಿರುವಾಗ ಎಡಗಣ್ಣಿಗೆ ಪೆಟ್ಟು ತಿಂದು, ಕ್ರಮೇಣ ಆ ಕಣ್ಣಿನ ದೃಷ್ಟಿಯನ್ನೇ ಕಳೆದುಕೊಂಡನು. ಆ ಕಣ್ಣು ಪೂರ್ತಿ ಕುರುಡಾದದ್ದನ್ನು ಅವನು ೧೯೧೭ರ ವರೆಗೂ ಲೋಕಕ್ಕೆ ತಿಳಿಸಲಿಲ್ಲ. ಗುದ್ದಿದವನು ನೊಂದುಕೊಳ್ಳಬಾರದೆಂಬ ಅವನ ದೊಡ್ಡಸ್ತಿಕೆಯನ್ನು ನಾವು ಮೆಚ್ಚುವೆವು. ಆದರೆ ದೇಶದ ಮಕ್ಕಳಿಗೆಲ್ಲ ಈ ಔಷಧವನ್ನು ಬರೆದುಕೊಟ್ಟ ವೈದ್ಯನು, ತಾನು ಅದನ್ನು ಕುಡಿದು ಕುರುಡನಾದದ್ದನ್ನು ಹಲವು ವರ್ಷಗಳ ಕಾಲ ಮುಚ್ಚಿಟ್ಟದ್ದು ನ್ಯಾಯವೆ? ಕೈಹುಣ್ಣಿಗೆ ಕನ್ನಡಿ ಬೇಡವೆಂಬರು. ಇಲ್ಲಿ ಹುಣ್ಣು ಕಣ್ಣಿನಲ್ಲಿಯೇ ಇದ್ದಿತು.

ಮೂರನೆಯ ಸಾಕ್ಷಿಯಾದ ಧೈರ್ಯವು ಉಳಿಯಿತು. ಇದೇ ಅವರ ಕೊನೆಯ ಕೋಟೆ. ಬ್ರಿಟಿಶ್ ಪ್ಯಾರಾಚೂಟ್ ದಳದ ಆಯ್ಕೆಯಲ್ಲಿ ‘ಮಿಲಿಂಗ್’ ಎಂಬ ಒಂದು ಪರೀಕ್ಷೆಯಿದೆ. ಸಮತೂಕದ ಇಬ್ಬರನ್ನು ಎದುರುಬದುರು ನಿಲ್ಲಿಸಿ ಅರವತ್ತು ಸೆಕೆಂಡುಗಳ ಕಾಲ ಎಡೆಬಿಡದೆ ಒಬ್ಬರ ತಲೆಗೊಬ್ಬರು ಗುದ್ದುವಂತೆ ಆಜ್ಞಾಪಿಸುವರು. ತಪ್ಪಿಸಿಕೊಳ್ಳುವದೂ, ತಡೆಯುವದೂ, ಬಾಗುವದೂ ದೋಷವಂತೆ. ಮುಷ್ಟಿಯುದ್ಧದಲ್ಲಿ ವಿದ್ಯೆಯೆಂಬುದು ಏನಾದರೂ ಇದ್ದರೆ ಅದು ತಪ್ಪಿಸಿಕೊಳ್ಳುವ ವಿದ್ಯೆಯೇ. ಅದನ್ನೂ ಕಿತ್ತೆಸೆದ ಮೇಲೆ ಉಳಿಯುವದು ಬರಿಯ ಗುದ್ದು. ಇದರಿಂದ ಆಕ್ರಮಣಶೀಲತೆಯು ತಿಳಿಯುವದೆಂದು ಅವರು ಹೇಳುವರು. ತಿಳಿಯಲಿ, ಆದರೆ ಆಕ್ರಮಣವು ಬೇರೆ, ಧೈರ್ಯವು ಬೇರೆ. ಮುಖ ತಿರುಗಿಸದೆ ಕಾಲು ಹಿಂದೆಗೆಯದೆ ನಿಲ್ಲುವದು ಧೈರ್ಯವಾದರೆ, ಅದನ್ನು ಕಲಿಸುವದಕ್ಕೆ ಗುದ್ದಾಟವೊಂದೇ ದಾರಿಯೆಂಬುದನ್ನು ಈ ದೇಶದ ಇತಿಹಾಸವೇ ಸುಳ್ಳುಮಾಡಿದೆ. ಡಾಕ್ಟರ್ ನಾ. ಸು. ಹರ್ಡೀಕರರು ೧೯೨೩ರಲ್ಲಿ ಹುಟ್ಟುಹಾಕಿ ಹುಬ್ಬಳ್ಳಿಯಿಂದ ಬೆಳೆಸಿದ ಸೇವಾದಳದಲ್ಲಿ ಸ್ವಯಂಸೇವಕರು ಕಲಿತದ್ದು ಕವಾಯತು, ಶಿಸ್ತು, ಸಾಮು. ಅಂಥ ಶಿಸ್ತಿನ ತರುಣರು ಮುಂದೆ ಲಾಠಿಯ ಕೆಳಗೆ ನಿಂತಾಗ ತಿರುಗಿ ಹೊಡೆಯಲಿಲ್ಲ, ಓಡಿಯೂ ಹೋಗಲಿಲ್ಲ. ಅವರಿಗೆ ಧೈರ್ಯವನ್ನು ಕೊಟ್ಟದ್ದು ಗವಸಲ್ಲ. ತಾವೇಕೆ ನಿಂತಿರುವೆವೆಂಬ ಅರಿವು.

ಗುದ್ದಿಗೂ ಒಂದು ಮರ್ಯಾದೆಯುಂಟೆಂಬುದನ್ನು ನಮ್ಮ ಹಿರಿಯರು ಅರಿತಿದ್ದರು. ಮೈಸೂರು ಅರಮನೆಯಲ್ಲಿ ವಿಜಯದಶಮಿಯ ದಿನ ನಡೆಯುವ ಜಟ್ಟಿಗಳ ವಜ್ರಮುಷ್ಟಿ ಕಾಳಗವನ್ನು ನಮ್ಮ ವಾಚಕರಲ್ಲಿ ಅನೇಕರು ಕಂಡಿರಬಹುದು, ಕೇಳಿಯಂತೂ ಇರುವರು. ತಲೆ ಬೋಳಿಸಿಕೊಂಡ ಜಟ್ಟಿಗಳು ಮುಷ್ಟಿಗೆ ಆಯುಧವನ್ನು ತೊಟ್ಟು ಎದುರಾಗುವರು. ನೋಡುವದಕ್ಕೆ ಅದು ಗವಸಿನ ಆಟಕ್ಕಿಂತ ಭಯಂಕರವೇ. ಆದರೆ ಒಬ್ಬನ ತಲೆಯಿಂದ ಮೊದಲನೆಯ ರಕ್ತಬಿಂದುವು ಚಿಮ್ಮಿದೊಡನೆ ಕಾಳಗವು ಮುಗಿಯಿತು. ದಪ್ಪ ಗವಸಿನ ಆಟದಲ್ಲಿಯಾದರೋ ರಕ್ತವು ಕಾಣಿಸದೆ ಒಳಗಿನ ಮಿದುಳು ಮಾತ್ರ ಅದುರುತ್ತಿರುವದು. ಕಾಣದ ಗಾಯಕ್ಕೆ ನಿಲುಗಡೆಯೂ ಇಲ್ಲ. ಗವಸು ಕಾಪಾಡುವದು ಗುದ್ದುವವನ ಕೈಯನ್ನು. ಗುದ್ದು ತಿನ್ನುವವನ ತಲೆಯನ್ನಲ್ಲ. ಮೇಲಾಗಿ, ಆ ಜಟ್ಟಿಗಳು ಮನೆತನದ ಪರಂಪರೆಯಿಂದ ಪಳಗಿ ವರ್ಷಕ್ಕೊಮ್ಮೆ ಕಣಕ್ಕಿಳಿಯುವವರು. ಎಲ್ಲರ ಮಕ್ಕಳನ್ನೂ ಸಾಲುಗಟ್ಟಿ ನಿಲ್ಲಿಸಿ ಗುದ್ದಿಸಿಕೊಳ್ಳಿರೆಂಬ ಕಟ್ಟಳೆಯು ಅಲ್ಲಿಲ್ಲ.

ಇಷ್ಟಾದರೂ ಸೈನ್ಯಗಳು ಈ ಆಟವನ್ನು ಬಿಡದಿರುವದಕ್ಕೆ ನಿಜವಾದ ಕಾರಣವೇನು? ನಮ್ಮ ಮಟ್ಟಿಗೆ ಅದು ಪ್ರದರ್ಶನದ ಮೋಹ. ಅಧಿಕಾರಕ್ಕೆ ಮುಷ್ಟಿಯ ಚಿತ್ರವು ಬೇಕು. ಮುಷ್ಟಿಯ ಹಿಂದಿರುವ ಮನುಷ್ಯನು ಬೇಡ. ಹಿಟ್ಲರನು ತನ್ನ ಗ್ರಂಥದಲ್ಲಿ ಎಲ್ಲ ಆಟಗಳಿಗಿಂತ ಮುಷ್ಟಿಯುದ್ಧವನ್ನೇ ಎತ್ತಿ ಹೊಗಳಿದನು. ಅದೇ ಜರ್ಮನಿಯಲ್ಲಿ ೧೯೩೩ರ ಜೂನಿನಲ್ಲಿ ಯೋಹಾನ್ ಟ್ರೋಲ್ಮನ್ ಎಂಬ ಸಿಂತಿ ಜನಾಂಗದ ತರುಣನು ದೇಶದ ವಿಜೇತನ ಪದವಿಯನ್ನು ಗೆದ್ದರೆ, ಕೆಲವೇ ದಿನಗಳಲ್ಲಿ ಅದನ್ನು ಕಸಿದುಕೊಂಡರು. ಮುಂದಿನ ಪಂದ್ಯಕ್ಕೆ ಅವನು ಕೂದಲಿಗೆ ಹೊಂಬಣ್ಣ ಬಳಿದು, ಮೈಗೆ ಹಿಟ್ಟು ಹಚ್ಚಿಕೊಂಡು ಬಂದು, ನಿಮಗೆ ಬೇಕಾದ ಆರ್ಯನು ಇವನೇ ತಾನೆ ಎಂಬಂತೆ ನಿಂತು ಗುದ್ದು ತಿಂದನು. ಅವನನ್ನು ನಿರ್ವೀರ್ಯನನ್ನಾಗಿ ಮಾಡಿದರು. ಆಮೇಲೆ ತಮ್ಮದೇ ಸೈನ್ಯದಲ್ಲಿ ದುಡಿಸಿದರು. ಕೊನೆಗೆ ಬಂದಿಶಿಬಿರಕ್ಕೆ ತಳ್ಳಿ ೧೯೪೪ರಲ್ಲಿ ಕೊಂದರು. ಅವನ ಪದವಿಯನ್ನು ಮರಳಿ ಕೊಟ್ಟದ್ದು ೨೦೦೩ರಲ್ಲಿ, ಅವನ ಮನೆಯವರ ಕೈಗೆ.

ಪ್ರಜಾಪ್ರಭುತ್ವದ ಹೆಗ್ಗಳಿಕೆಯುಳ್ಳ ಅಮೇರಿಕವು ಮೇಲಾಗಿ ನಡೆಯಿತೆ? ೧೯೪೨ರ ಜನವರಿಯಲ್ಲಿ ಜಗಜ್ಜಟ್ಟಿ ಜೋ ಲೂಯಿಸನು ಬಡಿ ಬೇರನನ್ನು ಸೋಲಿಸಿ, ತನ್ನ ಗಳಿಕೆಯನ್ನು ನೌಕಾದಳದ ಪರಿಹಾರನಿಧಿಗೆ ಒಪ್ಪಿಸಿದನು. ಆಗ ಆ ನೌಕಾದಳದಲ್ಲಿ ಕಪ್ಪು ಮನುಷ್ಯನಿಗಿದ್ದ ಸ್ಥಾನವು ಅಧಿಕಾರಿಗಳಿಗೆ ಊಟ ಬಡಿಸುವ ಸೇವಕನದು ಮಾತ್ರ! ಕೂಡಲೇ ಅವನು ಸೈನ್ಯವನ್ನು ಸೇರಿದನು. ಅದೂ ಬಿಳಿಯರಿಗೊಂದು ಕರಿಯರಿಗೊಂದು ಎಂದು ಒಡೆದಿದ್ದ ಸೈನ್ಯವೇ. ಮಾರ್ಚಿನಲ್ಲಿ ಮತ್ತೊಂದು ಪಂದ್ಯದ ಗಳಿಕೆಯನ್ನು ಭೂಸೈನ್ಯದ ನಿಧಿಗೆ ಕೊಟ್ಟನು. ಯುದ್ಧಕಾಲದಲ್ಲಿ ೯೬ ಪ್ರದರ್ಶನ ಪಂದ್ಯಗಳನ್ನಾಡಿ ಸುಮಾರು ಇಪ್ಪತ್ತು ಲಕ್ಷ ಸೈನಿಕರನ್ನು ಹುರಿದುಂಬಿಸಿದನು. ಯುದ್ಧವು ಮುಗಿದ ಮೇಲೆ ಸರಕಾರವು ಅವನಿಗೆ ಪದಕವನ್ನೂ ಕೊಟ್ಟಿತು. ದಾನ ಮಾಡಿದ ಹಣದ ಮೇಲೂ ಆದಾಯದ ತೆರಿಗೆಯನ್ನು ಹೇರಿತು. ಬಡ್ಡಿ, ದಂಡ ಬೆಳೆದು ಸಾಲವು ಹತ್ತು ಲಕ್ಷ ಡಾಲರುಗಳನ್ನು ದಾಟಿತು. ಕೊಟ್ಟವನು ಕೋಡಂಗಿ, ಇಸಕೊಂಡವನು ಈರಭದ್ರ! ಮುಪ್ಪಿನಲ್ಲಿ ಆ ಮಹಾಮಲ್ಲನು ಜೂಜಿನ ಭವನವೊಂದರ ಬಾಗಿಲಲ್ಲಿ ಗಿರಾಕಿಗಳನ್ನು ಸ್ವಾಗತಿಸುವ ಕೆಲಸಕ್ಕೆ ನಿಲ್ಲಬೇಕಾಯಿತು. ೧೯೮೧ರಲ್ಲಿ ತೀರಿಕೊಂಡ ಮೇಲೆ ಮಾತ್ರ ಅವನಿಗೆ ರಾಷ್ಟ್ರವೀರರ ಸ್ಮಶಾನದಲ್ಲಿ ಸ್ಥಳವು ದೊರೆಯಿತು.

ಪರದೇಶದವರನ್ನು ಹಳಿದು ನಮ್ಮ ಮನೆಯನ್ನು ಮರೆಯುವದು ಸಲ್ಲದು. ನಮ್ಮ ಸೈನ್ಯದಿಂದಲೂ ಮಹಾಮುಷ್ಟಿಮಲ್ಲರು ಹುಟ್ಟಿರುವರು. ೧೯೬೬ರಲ್ಲಿಯೂ ೧೯೭೦ರಲ್ಲಿಯೂ ಏಶಿಯದ ಕ್ರೀಡೆಗಳಲ್ಲಿ ಬಂಗಾರವನ್ನು ಗೆದ್ದ ಹವಾಸಿಂಗರು ಸೈನಿಕರು. ೧೯೮೨ರ ದಿಲ್ಲಿಯ ಕ್ರೀಡೆಗಳಲ್ಲಿ ಬಂಗಾರವನ್ನು ಗೆದ್ದ ಕೌರ್‌ಸಿಂಗರೂ ಸೈನಿಕರು. ೨೦೧೭ರಲ್ಲಿ ಈ ಕೌರ್‌ಸಿಂಗರು ತಮ್ಮ ಹೃದಯದ ಚಿಕಿತ್ಸೆಗಾಗಿ ಸಾಲ ಮಾಡಿಕೊಂಡು ತೊಳಲುತ್ತಿರುವರೆಂಬ ಸುದ್ದಿಯು ಹೊರಬಿದ್ದ ಮೇಲೆ ಸೈನ್ಯವೂ ಕೆಲವರು ಉದಾರಿಗಳೂ ನೆರವಿಗೆ ಬಂದರು. ಸುದ್ದಿಯಾಗುವ ಮೊದಲು ಬರುವದೇ ನೆರವು. ಸುದ್ದಿಯಾದ ಮೇಲೆ ಬರುವದು ಮಾನರಕ್ಷಣೆ. ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇನೆಂಬ ಗಾದೆಯು ಎಲ್ಲ ಸರಕಾರಗಳ ಹೆಬ್ಬಾಗಿಲ ಮೇಲೆಯೂ ಕೆತ್ತಿರುವಂತೆ ತೋರುವದು.

ಇನ್ನು ನಮ್ಮ ಬೇಡಿಕೆಗಳು. ಅವು ನಾಲ್ಕೇ. ಮುಷ್ಟಿಮಲ್ಲನ ತಾಲೀಮನ್ನು, ಅಂದರೆ ಓಟ, ಹಗ್ಗ, ಚೀಲ, ಪಾದಚಲನೆ, ಶ್ರಮ–ವಿಶ್ರಾಂತಿಗಳ ಸರದಿಯನ್ನು, ಸೈನಿಕರೂ ವಿದ್ಯಾರ್ಥಿಗಳೂ ಧಾರಾಳವಾಗಿ ಕಲಿಯಲಿ, ಇದು ಒಂದನೆಯದು. ತಲೆಗೆ ಗುದ್ದುವ ಪಂದ್ಯವನ್ನು ಯಾವ ಸೇನಾವಿದ್ಯಾಲಯವೂ ಯಾವ ಶಾಲೆಯೂ ಕಡ್ಡಾಯ ಮಾಡಬಾರದು, ಅದಕ್ಕೆ ಅಂಕಗಳನ್ನೂ ಕಟ್ಟಬಾರದು, ಇದು ಎರಡನೆಯದು. ತಾನಾಗಿ ಆಡಬಯಸುವ ಪ್ರಾಯಸ್ಥನಿಗೆ ಅಪಾಯವನ್ನು ಅವನ ಭಾಷೆಯಲ್ಲಿಯೇ ತಿಳಿಸಿ ಹೇಳಬೇಕು, ಪೆಟ್ಟು ಬಿದ್ದವನನ್ನು ವೈದ್ಯನು ಒಪ್ಪುವ ತನಕ ಮತ್ತೆ ಕಣಕ್ಕೆ ಬಿಡಬಾರದು, ಇದು ಮೂರನೆಯದು. ಪ್ರತಿಯೊಂದು ಆಘಾತವನ್ನೂ ದಾಖಲಿಸಿ, ಹೆಸರುಗಳನ್ನು ಮರೆಮಾಡಿ, ವರ್ಷಕ್ಕೊಮ್ಮೆ ಪ್ರಕಟಿಸಬೇಕು, ಇದು ನಾಲ್ಕನೆಯದು. ಅಮೇರಿಕದ ಆ ೯೭ರ ಲೆಕ್ಕವು ಹೊರಬೀಳುವದಕ್ಕೆ ನೂರು ವರ್ಷಕ್ಕೂ ಮಿಕ್ಕಿ ಹಿಡಿಯಿತು. ಲೆಕ್ಕವಿಲ್ಲದಲ್ಲಿ ಅಪರಾಧವೂ ಇಲ್ಲವೆಂದು ಅಧಿಕಾರಿಗಳು ತಿಳಿದುಕೊಳ್ಳುವರು.

ಸಮ್ಮತಿಯಿದ್ದಲ್ಲಿ ಅನ್ಯಾಯವಿಲ್ಲವೆಂಬುದು ಕಾನೂನಿನ ಹಳೆಯ ಮಾತು. ನಾವು ಅದನ್ನು ಒಪ್ಪುವೆವು. ಆದರೆ ಆಜ್ಞೆಯ ಕೆಳಗೆ ನಿಂತ ಹದಿನೆಂಟರ ಹುಡುಗನು ಗವಸು ತೊಡುವದು ಸಮ್ಮತಿಯಲ್ಲ. ‘ಒಲ್ಲೆ’ನೆಂದರೆ ಹೇಡಿಯೆಂಬ ಹೆಸರು, ‘ಆಯಿತು’ ಎಂದರೆ ಮಿದುಳಿಗೆ ಪೆಟ್ಟು. ಈ ಎರಡರ ನಡುವೆ ಆರಿಸಿಕೊಳ್ಳೆನ್ನುವದು ಆಯ್ಕೆಯಲ್ಲ. ಸೈನಿಕನು ದೇಶಕ್ಕಾಗಿ ತಲೆಯನ್ನು ಕೊಡಲು ಸಿದ್ಧನಾಗಿ ಬಂದಿರುವನೆಂಬುದು ನಿಜ. ಅದಕ್ಕಾಗಿಯೇ ಆ ತಲೆಯನ್ನು ದೇಶವು ಜೋಪಾನವಾಗಿ ಇಟ್ಟುಕೊಳ್ಳಬೇಕು. ಇಂದಿನ ಯುದ್ಧದಲ್ಲಿ ನಕಾಶೆಯನ್ನು ಓದುವ, ಯಂತ್ರವನ್ನು ನಡೆಸುವ, ಕ್ಷಣಾರ್ಧದಲ್ಲಿ ಶತ್ರುವನ್ನೂ ನಿರಪರಾಧಿಯನ್ನೂ ಬೇರ್ಪಡಿಸಿ ನೋಡುವ ಸೈನಿಕನಿಗೆ ಅವನ ಮಿದುಳಿಗಿಂತ ಹರಿತವಾದ ಆಯುಧವಿಲ್ಲ. ಬಂದೂಕಿನ ನಳಿಗೆಯನ್ನು ಕಲ್ಲಿಗೆ ಬಡಿದು ಗಟ್ಟಿಮಾಡುವೆನೆಂಬ ಮೂರ್ಖನನ್ನು ಯಾವ ಸೈನ್ಯವೂ ಉಗ್ರಾಣಕ್ಕೆ ಬಿಟ್ಟುಕೊಳ್ಳುವದಿಲ್ಲ. ಅದೇ ಕೆಲಸವನ್ನು ಮನುಷ್ಯರ ತಲೆಯ ಮೇಲೆ ಮಾಡುವವರನ್ನು ಮಾತ್ರ ಶಿಕ್ಷಕರೆಂದು ಏಕೆ ಕರೆಯಬೇಕು?

ಶಾಲೆಯ ಶಿಕ್ಷಕ ಮಹಾಶಯರಿಗೆ ನಮ್ಮ ಕೊನೆಯ ಬಿನ್ನಹ. ವ್ಯಾಯಾಮದ ವೇಳೆಗೆ ಹುಡುಗರ ಕೈಗೆ ಹಗ್ಗವನ್ನು ಕೊಡಿರಿ, ಚೀಲವನ್ನು ತೂಗುಹಾಕಿರಿ, ಬಯಲಲ್ಲಿ ಓಡಿಸಿರಿ, ಊರಿನ ಗರಡಿಯ ಬಾಗಿಲು ಮುಚ್ಚಿದ್ದರೆ ತೆರೆಯಿಸಿರಿ. ಆದರೆ ಒಬ್ಬ ಹುಡುಗನ ತಲೆಗೆ ಇನ್ನೊಬ್ಬನು ಗುದ್ದಿದಾಗ ಚಪ್ಪಾಳೆ ತಟ್ಟುವದನ್ನು ಕಲಿಸಬೇಡಿರಿ. ಆ ತಲೆಯೊಳಗೆ ಅಕ್ಷರವನ್ನು ತುಂಬಲು ನೀವು ಪಟ್ಟ ಶ್ರಮವನ್ನು ನೀವಲ್ಲದೆ ಮತ್ತಾರು ಬಲ್ಲರು?